ಹ್ಯಾರಿಯೆಟ್ ಆಂಡರ್ಸನ್: ಐದು ದಶಕಗಳ ಅಭಿನಯ

ಜನನ: 14 ಫೆಬ್ರವರಿ 1932, ಸ್ಟಾಕ್‌ಹೋಮ್

ಹದಿಹರೆಯದಲ್ಲೇ ಬಣ್ಣ ಹಚ್ಚಿದ ಹ್ಯಾರಿಯೆಟ್ ಆಂಡರ್ಸನ್ ಸ್ವೀಡನ್ ಚಿತ್ರರಂಗದ ಬಹುಮುಖ ಪ್ರತಿಭೆ. 1953ರಲ್ಲಿ ತೆರೆಕಂಡ ಇಂಗ್ಮಾರ್ ಬರ್ಗ್‌ಮನ್ ನಿರ್ದೇಶನದ ‘ಮೋನಿಕಾಳೊಂದಿಗೆ ಬೇಸಿಗೆ’ ಅವರನ್ನು ಜಗತ್ತಿಗೆ ಪರಿಚಯಿಸಿತು. ಆ ಚಿತ್ರದಲ್ಲಿ ಅವರು ಕ್ಯಾಮೆರಾವನ್ನೇ ನೇರವಾಗಿ ದಿಟ್ಟಿಸುವ ದೃಶ್ಯ ಫ್ರಾನ್ಸಿನ ಹೊಸ ಅಲೆಯ ನಿರ್ದೇಶಕರ ಮನ ಗೆದ್ದಿತು.

ಪಾತ್ರದಿಂದ ಪಾತ್ರಕ್ಕೆ

‘ಬೇಸಿಗೆ ರಾತ್ರಿಯ ಮುಗುಳ್ನಗೆ’ (1955) ಚಿತ್ರದಲ್ಲಿ ಅವರು ತುಂಟ ಮನೆಗೆಲಸದಾಕೆ. ‘ಕನ್ನಡಿಯಲ್ಲಿ ಕಂಡಂತೆ’ (1961) ಚಿತ್ರದಲ್ಲಿ ಮನೋರೋಗದಿಂದ ನರಳುವ ಕಾರಿನ್. ಗೋಟ್ಲಂಡ್ ಬಳಿಯ ಫೋರೋ ದ್ವೀಪದಲ್ಲಿ ಚಿತ್ರೀಕರಣಗೊಂಡ ಇದು ಅತ್ಯುತ್ತಮ ವಿದೇಶಿ ಭಾಷಾ ಚಿತ್ರವೆಂದು ಆಸ್ಕರ್ ಪಡೆಯಿತು. ‘ಪಿಸುಮಾತು, ಆಕ್ರಂದನ’ (1972) ಚಿತ್ರದ ಆಗ್ನೆಸ್ ಕ್ಯಾನ್ಸರಿನಿಂದ ಸಾಯುತ್ತಿರುವ ಹೆಣ್ಣು. ಆಕೆಯ ಉಸಿರಾಟದ ಸಂಕಟವನ್ನು ನೋಡುಗರೂ ಅನುಭವಿಸುವಂತೆ ಹ್ಯಾರಿಯೆಟ್ ನಟಿಸಿದ್ದಾರೆ. ‘ಫ್ಯಾನಿ ಮತ್ತು ಅಲೆಕ್ಸಾಂಡರ್’ (1982) ಚಿತ್ರದಲ್ಲಿ ಬಿಷಪ್ ಮನೆಯ ಸೇವಕಿಯಾಗಿ ಸಣ್ಣ ಪಾತ್ರಕ್ಕೂ ತೂಕ ತಂದರು.

ಮನ್ನಣೆ

ಯೋರ್ನ್ ಡೊನ್ನರ್ ನಿರ್ದೇಶನದ ‘ಪ್ರೀತಿಸುವುದು’ ಚಿತ್ರಕ್ಕಾಗಿ 1964ರಲ್ಲಿ ವೆನಿಸ್ ಚಿತ್ರೋತ್ಸವದ ಶ್ರೇಷ್ಠ ನಟಿ ಪ್ರಶಸ್ತಿ ಪಡೆದರು. ಆಗ್ನೆಸ್ ಪಾತ್ರಕ್ಕೆ ಸ್ವೀಡನ್ನಿನ ಪ್ರತಿಷ್ಠಿತ ಚಲನಚಿತ್ರ ಪ್ರಶಸ್ತಿ ಗುಲ್ಡ್‌ಬಾಗೆ ದೊರೆಯಿತು.

2003ರಲ್ಲಿ, 70 ದಾಟಿದ ವಯಸ್ಸಿನಲ್ಲಿ, ಡೆನ್ಮಾರ್ಕಿನ ಲಾರ್ಸ್ ಫಾನ್ ಟ್ರಿಯರ್ ಅವರ ‘ಡಾಗ್‌ವಿಲ್’ ಚಿತ್ರದಲ್ಲಿ ಕಾಣಿಸಿಕೊಂಡರು. ಮೋನಿಕಾಳನ್ನೂ ಆಗ್ನೆಸ್‌ಳನ್ನೂ ಒಬ್ಬರ ಹಿಂದೆ ಒಬ್ಬರಂತೆ ನೋಡಿ. ಇಬ್ಬರೂ ಒಬ್ಬರೇ ನಟಿಯೆಂದು ನಂಬುವುದು ಕಷ್ಟ.