ಕರಿಕಲ್ಲಿನೊಳಗಿನ ನೀರು: ಕಲಬುರಗಿ–ಕಮಲಾಪುರ ಸೀಮೆಯ ಜಲಶೋಧದ ಇತಿಹಾಸ

ಕಲಬುರಗಿ ನಗರವೂ ಅಲ್ಲಿಂದ ಹುಮನಾಬಾದ್ ರಸ್ತೆಯಲ್ಲಿ ಸಿಗುವ ಕಮಲಾಪುರವೂ ದಖನ್ನಿನ ಕರಿಕಲ್ಲಿನ ಮೇಲೆ ಕುಳಿತಿವೆ. ಸುಮಾರು ಆರೂವರೆ ಕೋಟಿ ವರ್ಷಗಳ ಹಿಂದೆ ಉಕ್ಕಿ ಹರಿದ ಲಾವಾ ಪದರದ ಮೇಲೆ ಪದರವಾಗಿ ಆರಿ ಈ ಕಲ್ಲಾಯಿತು. ಗಟ್ಟಿ ಕರಿಕಲ್ಲು ತನ್ನ ಮೈಯಲ್ಲಿ ನೀರನ್ನು ಹಿಡಿಯುವುದಿಲ್ಲ. ಮೇಲಿನ ಶಿಥಿಲ ಪದರವಾದ ಗರಸಿನಲ್ಲಿ, ಕಲ್ಲಿನ ಬಿರುಕುಗಳಲ್ಲಿ, ಒಂದು ಲಾವಾ ಪದರ ಮುಗಿದು ಇನ್ನೊಂದು ಶುರುವಾಗುವ ಕಡೆಯ ತೂತುತೂತಾದ ಕಲ್ಲಿನಲ್ಲಿ ಮಾತ್ರ ನೀರು ನಿಲ್ಲುತ್ತದೆ. ಆದ್ದರಿಂದಲೇ ಈ ಸೀಮೆಯಲ್ಲಿ ಒಂದೇ ಹೊಲದ ಎರಡು ಬಾವಿಗಳ ಪೈಕಿ ಒಂದು ಮೇ ತಿಂಗಳಲ್ಲೂ ಜಿನುಗುತ್ತಿದ್ದರೆ ಇನ್ನೊಂದು ಶಿವರಾತ್ರಿಯ ಹೊತ್ತಿಗೇ ತಳ ಕಾಣುತ್ತದೆ.

ವರ್ಷಕ್ಕೆ ಸರಾಸರಿ 750 ಮಿಲಿಮೀಟರಿನ ಆಸುಪಾಸು ಮಳೆ. ಅದರ ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಸುರಿದು ಮುಗಿಯುತ್ತದೆ. ಬಿದ್ದ ಮಳೆಯನ್ನು ಎರೆಭೂಮಿ ಹೀರಿಕೊಂಡು ಉಬ್ಬುತ್ತದೆ, ಉಬ್ಬಿದ ಮೇಲೆ ಕೆಳಕ್ಕೆ ಹೆಚ್ಚು ಬಿಟ್ಟುಕೊಡುವುದಿಲ್ಲ. ಹಿಡಿದಿಟ್ಟ ಆ ತೇವದಲ್ಲೇ ತೊಗರಿಯೂ ಹಿಂಗಾರಿ ಜೋಳವೂ ಬೆಳೆಯುತ್ತವೆ. ತೊಗರಿಯ ಕಣಜವೆಂದು ಹೆಸರಾದ ನೆಲದಲ್ಲಿ ಕುಡಿಯುವ ನೀರಿಗೆ ಪರದಾಟವೇಕೆ ಎಂಬುದಕ್ಕೆ ಈ ಮಣ್ಣಿನ ಗುಣವೂ ಒಂದು ಉತ್ತರ: ಪೈರಿಗೆ ಒದಗುವ ತೇವ ಬಾವಿಗೆ ಇಳಿಯುವುದಿಲ್ಲ. ಇಲ್ಲಿನ ಜನರಿಗೆ ನೀರೆಂದರೆ ಮೊದಲು ಹುಡುಕಬೇಕಾದದ್ದು, ಆಮೇಲೆ ಹೊರಬೇಕಾದದ್ದು.

ಹುಡುಕುವ ವಿದ್ಯೆ ಬಹಳ ಹಿಂದೆಯೇ ಬರಹಕ್ಕೆ ಇಳಿದಿತ್ತು. ಆರನೆಯ ಶತಮಾನದ ವರಾಹಮಿಹಿರ ತನ್ನ ಬೃಹತ್ಸಂಹಿತೆಯಲ್ಲಿ ಅಂತರ್ಜಲದ ಕುರುಹುಗಳಿಗೆಂದೇ ಒಂದು ಅಧ್ಯಾಯ ಮೀಸಲಿಟ್ಟ. ಅದೇ ಪರಂಪರೆಯನ್ನು ಕನ್ನಡಕ್ಕೆ ತಂದದ್ದು ಎರಡನೆಯ ಚಾವುಂಡರಾಯ. ಸುಮಾರು 1025ರಲ್ಲಿ, ಚಾಲುಕ್ಯ ಇಮ್ಮಡಿ ಜಯಸಿಂಹನ ಆಶ್ರಯದಲ್ಲಿ ಅವನು ರಚಿಸಿದ 'ಲೋಕೋಪಕಾರ'ದಲ್ಲಿ ಅಡುಗೆ, ವೃಕ್ಷಾಯುರ್ವೇದ, ವಿಷವೈದ್ಯಗಳ ಜೊತೆಗೆ ನೆಲದೊಳಗಿನ ನೀರನ್ನು ಗುರುತಿಸುವ ಉದಕಾರ್ಗಳ ವಿದ್ಯೆಯೂ ಬಂದಿದೆ. ರಾಷ್ಟ್ರಕೂಟರ ರಾಜಧಾನಿಯಾಗಿದ್ದ ಮಾನ್ಯಖೇಟ, ಅಂದರೆ ಇಂದಿನ ಮಳಖೇಡ, ಕಲಬುರಗಿಯ ಆಗ್ನೇಯಕ್ಕೆ ಕಾಗಿಣಾ ದಡದಲ್ಲಿದೆ. ಚಾಲುಕ್ಯರ ಕಲ್ಯಾಣ ಕಮಲಾಪುರದಿಂದ ಉತ್ತರಕ್ಕೆ ಹೆಚ್ಚು ದೂರವಿಲ್ಲ. ಈ ಎರಡು ರಾಜಧಾನಿಗಳ ನಡುವಿನ ನಾಡಿನವರಿಗೆ ಅಂಥ ಅಧ್ಯಾಯ ದಿನಬಳಕೆಯ ತಿಳಿವಳಿಕೆಯೇ ಆಗಿದ್ದಿರಬೇಕು.

ಈ ಪರಂಪರೆ ಹೇಳುವ ಕುರುಹುಗಳಲ್ಲಿ ಮುಖ್ಯವಾದವು ಮರ, ಹುತ್ತ, ಹುಲ್ಲು ಮತ್ತು ಮಣ್ಣಿನ ಬಣ್ಣ. ನೇರಳೆ, ಅತ್ತಿಯಂಥ ಮರದ ಪಕ್ಕದಲ್ಲಿ ಹುತ್ತವಿದ್ದರೆ ಯಾವ ದಿಕ್ಕಿಗೆ ಎಷ್ಟು ಮೊಳ ಸರಿದು ಎಷ್ಟು ಆಳ ಅಗೆಯಬೇಕು, ಅಗೆಯುವಾಗ ಮೊದಲು ಯಾವ ಬಣ್ಣದ ಮಣ್ಣು, ಆಮೇಲೆ ಎಂಥ ಕಲ್ಲು ಸಿಗುತ್ತದೆ ಎಂದು ಅದು ವಿವರಿಸುತ್ತದೆ. ಆಳವನ್ನು ಎಣಿಸುವುದು 'ಪುರುಷ'ದ ಲೆಕ್ಕದಲ್ಲಿ, ಕೈಯೆತ್ತಿ ನಿಂತ ಮನುಷ್ಯನ ಎತ್ತರ ಒಂದು ಪುರುಷ. ಗೆದ್ದಲಿಗೆ ತೇವವಿಲ್ಲದೆ ಬದುಕಿಲ್ಲ; ಅತ್ತಿಯೂ ನೇರಳೆಯೂ ಪಸೆಯಿರುವ ಜಾಗವನ್ನು ಮೆಚ್ಚುವ ಮರಗಳು. ಹಾಗಾಗಿ ಈ ಗುರುತುಗಳ ಹಿಂದೆ ದೀರ್ಘಕಾಲದ ನೋಟವಿದೆ ಎನ್ನಬಹುದು. ಕವಲುಕಡ್ಡಿಯನ್ನೋ ತೆಂಗಿನಕಾಯಿಯನ್ನೋ ಅಂಗೈಯಲ್ಲಿ ಹಿಡಿದು ನಡೆದು ನೀರಿನ ಜಾಗ ತೋರಿಸುವ ರೂಢಿಯ ಮಾತು ಬೇರೆ. ಅದು ಇಂದಿಗೂ ಹಳ್ಳಿಹಳ್ಳಿಯಲ್ಲಿ ಉಳಿದಿದೆಯಾದರೂ ನಿಯಂತ್ರಿತ ಪರೀಕ್ಷೆಗಳಲ್ಲಿ ಗೆದ್ದಿಲ್ಲ. ಮರ ನೋಡಿ ಹೇಳುವ ಹಿರಿಯರ ಕಣ್ಣಿಗೂ ಕಡ್ಡಿಯ ನಂಬಿಕೆಗೂ ಇರುವ ಈ ಅಂತರವನ್ನು ಮರೆತು ಎರಡನ್ನೂ ಒಟ್ಟಿಗೆ ಮೂಢನಂಬಿಕೆ ಎಂದು ತಳ್ಳಿಹಾಕಿದ್ದು ನಷ್ಟದ ಬಾಬತ್ತು.

ಜಾಗ ಗೊತ್ತಾದ ಮೇಲಿನ ಕೆಲಸ ವಡ್ಡರದು. ಬಾವಿ ತೋಡಲು ಬೇಸಿಗೆಯೇ ಹದವಾದ ಕಾಲ. ನೀರು ತೀರ ಕೆಳಗಿಳಿದ ದಿನಗಳಲ್ಲಿ ಸೆಲೆ ಮುಟ್ಟಿದ ಬಾವಿಯನ್ನು ವರ್ಷವಿಡೀ ನಂಬಬಹುದು. ಮೊದಲು ಎರೆ, ಅದರ ಕೆಳಗೆ ಬಿಳಿಚಿಕೊಂಡ ಗರಸು, ಆಮೇಲೆ ಕರಿಕಲ್ಲು. ಗರಸಿನವರೆಗೆ ಗುದ್ದಲಿ, ಹಾರೆ ಸಾಕು. ಕಲ್ಲಿಗೆ ಉಳಿ, ಸುತ್ತಿಗೆ, ಮುಂದಿನ ಕಾಲದಲ್ಲಿ ಮದ್ದು. ಕಲ್ಲಿನ ಗೋಡೆಯಲ್ಲಿ ಒಂದು ಕಡೆ ಒದ್ದೆ ಗೆರೆ ಮೂಡಿದರೆ ಅಗೆತ ಆ ಬದಿಗೆ ತಿರುಗುತ್ತಿತ್ತು. ಹೊಲದ ಬಾವಿಗೆ ಕಪಿಲೆ ಹೂಡುತ್ತಿದ್ದರು. ಎತ್ತುಗಳು ಇಳಿಜಾರಿನಲ್ಲಿ ಕೆಳಕ್ಕೆ ನಡೆದಂತೆ ತೊಗಲಿನ ಚೀಲ ಮೇಲೆ ಬಂದು ದೋಣಿಗೆ ನೀರು ಸುರಿಯುತ್ತಿತ್ತು. ಊರ ಬಾವಿ ಎರಡು ಬಗೆಯದು. ಹಗ್ಗ ಇಳಿಬಿಟ್ಟು ಎತ್ತುವ ಸೇದುವ ಬಾವಿ ಒಂದು, ನೀರಿನವರೆಗೆ ಇಳಿದುಹೋಗುವ ಮೆಟ್ಟಿಲು ಬಾವಿ ಇನ್ನೊಂದು.

ರಾಜಧಾನಿಯೊಂದು ಇಂಥ ನೆಲದ ಮೇಲೆ ನಿಂತದ್ದು 1347ರಲ್ಲಿ. ಅಲಾಉದ್ದೀನ್ ಹಸನ್ ಬಹಮನ್ ಷಾ ಕಲಬುರಗಿಯನ್ನು ಆರಿಸಿಕೊಂಡು ಕೋಟೆಯನ್ನು ಬಲಪಡಿಸಿದ. ಕೋಟೆಯನ್ನು ಬಳಸಿದ ಅಗಲವಾದ ಕಂದಕಕ್ಕೆ ನೀರು ಬೇಕು, ಒಳಗಿನ ದಂಡಿಗೂ ಕುದುರೆಗಳಿಗೂ ನೀರು ಬೇಕು, 1367ರಲ್ಲಿ ಕಟ್ಟಿದ ಜಾಮಿ ಮಸೀದಿಯಲ್ಲಿ ನಮಾಜಿಗೆ ಮುಂಚೆ ಕೈಕಾಲು ತೊಳೆಯಲೂ ನೀರು ಬೇಕು. ನಗರದ ಹತ್ತಿರ ದೊಡ್ಡ ಹೊಳೆಯಿಲ್ಲ. ಭೀಮೆ ಇರುವುದು ದಕ್ಷಿಣಕ್ಕೆ ಇಪ್ಪತ್ತೈದು ಕಿಲೋಮೀಟರಿಗೂ ಹೆಚ್ಚು ದೂರದಲ್ಲಿ. ಬಾವಿ, ಕೆರೆಗಳ ಮೇಲೆಯೇ ಊರು ನಿಂತಿತ್ತು.

ಮಳೆ ಕೈಕೊಟ್ಟರೆ ಆಗುತ್ತಿದ್ದುದೇನು ಎಂಬುದು ಇತಿಹಾಸಕಾರ ಫೆರಿಶ್ತಾನ ಬರಹದಿಂದ ತಿಳಿಯುತ್ತದೆ. ಬಹಮನಿ ಸುಲ್ತಾನ ಎರಡನೆಯ ಮುಹಮ್ಮದ್ ಷಾ (1378–1397) ಬರಗಾಲದಲ್ಲಿ ಹತ್ತು ಸಾವಿರ ಹೇರೆತ್ತುಗಳನ್ನು ಮಾಳವ, ಗುಜರಾತುಗಳಿಗೆ ಅಟ್ಟಿ ಕಾಳು ತರಿಸಿ ಅಗ್ಗದ ದರಕ್ಕೆ ಮಾರಿಸಿದ, ಅನಾಥ ಮಕ್ಕಳಿಗೆ ಕಲಬುರಗಿ, ಬೀದರ್ ಮೊದಲಾದ ಊರುಗಳಲ್ಲಿ ಶಾಲೆ ತೆರೆಸಿದ ಎಂದು ಫೆರಿಶ್ತಾ ಬರೆದಿದ್ದಾನೆ. ಕಾಳನ್ನು ಎತ್ತಿನ ಮೇಲೆ ಹೇರಿ ತರಬಹುದಾಗಿತ್ತು, ಊರಿಗೆ ಊರೇ ಕುಡಿಯುವಷ್ಟು ನೀರನ್ನು ತರುವಂತಿರಲಿಲ್ಲ. ಶತಮಾನದ ಕೊನೆಯಲ್ಲಿ ದಖನ್ನನ್ನು ಹಿಡಿದ ದುರ್ಗಾದೇವಿ ಬರ ಹನ್ನೆರಡು ವರ್ಷ ಕಾಡಿತೆಂದು ಜನರ ನೆನಪು.

ಮುಂದೆ ಪಟ್ಟಕ್ಕೆ ಬಂದ ಸುಲ್ತಾನ ಫಿರೋಜ್ ಷಾ (1397–1422) ಭೀಮಾ ದಡದಲ್ಲೇ ಫಿರೋಜಾಬಾದ್ ಎಂಬ ಅರಮನೆ ನಗರವನ್ನು ಕಟ್ಟಿಸಿದ. ಮೂರು ಕಡೆ ಗೋಡೆ, ನಾಲ್ಕನೆಯ ಕಡೆ ಹೊಳೆ. ಅವನ ತಮ್ಮ ಅಹ್ಮದ್ ಷಾ 1420ರ ದಶಕದಲ್ಲಿ ರಾಜಧಾನಿಯನ್ನೇ ಬೀದರಿಗೆ ಒಯ್ದ. ಅದಕ್ಕೆ ರಾಜಕೀಯ ಕಾರಣಗಳಿದ್ದವು. ಬೀದರಿನ ಹಿತವಾದ ಹವೆ, ನೀರುಗಳನ್ನೂ ಇತಿಹಾಸಕಾರರು ಎಣಿಸುತ್ತಾರೆ. ಕಮಲಾಪುರ ದಾಟಿ ಬೀದರಿನ ಕಡೆ ಸಾಗಿದರೆ ಕರಿಕಲ್ಲಿನ ಮೇಲೆ ಜಂಬಿಟ್ಟಿಗೆಯ ದಪ್ಪ ಹೊದಿಕೆ ಬರುತ್ತದೆ. ಜಂಬಿಟ್ಟಿಗೆ ಮಳೆಯನ್ನು ಒಳಗೆ ಬಿಡುತ್ತದೆ, ಕೆಳಗಿನ ಕರಿಕಲ್ಲು ತಡೆಯುತ್ತದೆ. ಎರಡೂ ಕೂಡುವಲ್ಲಿ ಸೆಲೆ ಒಡೆಯುತ್ತದೆ. ಪರ್ಷಿಯಾದ ರೀತಿಯಲ್ಲಿ ನೆಲದೊಳಗೆ ಸುರಂಗ ಕೊರೆದು ಆ ಸೆಲೆಯನ್ನು ಊರಿಗೆ ಹರಿಸಿದ ಬೀದರಿನ ನೌಬಾದ್ ಕರೇಜ್ ಇಂದಿಗೂ ನೋಡಸಿಗುತ್ತದೆ. ಕಲಬುರಗಿಯ ಎರೆ, ಕರಿಕಲ್ಲಿನ ನೆಲಕ್ಕೆ ಜಂಬಿಟ್ಟಿಗೆಯ ಅಂಥ ಹೊದಿಕೆ ಇರಲಿಲ್ಲ.

ಅರಸರು ನೀರಿದ್ದಲ್ಲಿಗೆ ಹೋದರು, ರೈತರು ನೀರನ್ನು ಇದ್ದಲ್ಲೇ ಹುಡುಕಿಕೊಂಡರು. ಬೇಸಿಗೆಯಲ್ಲಿ ಬಾವಿ ಬತ್ತಿದಾಗ ಹಳ್ಳದ ಉಸುಕಿನಲ್ಲಿ ಒರತೆ ತೋಡುವುದು ಈ ಸೀಮೆಯ ಹಳೆಯ ರೂಢಿ. ಹಳ್ಳ ತಿರುಗುವ ಒಳಬದಿಯಲ್ಲಿ ಉಸುಕು ದಪ್ಪಗೆ ಕೂತಿರುತ್ತದೆ. ಅಲ್ಲಿ ಮೊಣಕಾಲುದ್ದ, ಕೆಲವೊಮ್ಮೆ ಎದೆಯುದ್ದ ಗುಂಡಿ ತೆಗೆಯುತ್ತಾರೆ. ಮೊದಲು ಬರುವ ರಾಡಿ ನೀರನ್ನು ಮೊಗೆದು ಚೆಲ್ಲಬೇಕು. ಆಮೇಲೆ ಗುಂಡಿಯ ತಳದಲ್ಲಿ ತಿಳಿನೀರು ನಿಧಾನವಾಗಿ ಕೂಡುತ್ತದೆ. ತಂಬಿಗೆಯನ್ನು ಓರೆಯಾಗಿ ಹಿಡಿದು, ತಳದ ಉಸುಕು ಕದಡದಂತೆ ಮೊಗೆದು, ಬಾಯಿಗೆ ಅರಿವೆ ಕಟ್ಟಿದ ಕೊಡಕ್ಕೆ ಸುರಿಯಬೇಕು. ಒಂದು ಕೊಡ ತುಂಬುವಷ್ಟರಲ್ಲಿ ಒರತೆ ಬರಿದಾಗುತ್ತದೆ, ಮುಂದಿನವಳು ಕೂತು ಕಾಯುತ್ತಾಳೆ. ದನ ತುಳಿಯದಂತೆ ರಾತ್ರಿ ಅದರ ಮೇಲೆ ಮುಳ್ಳು ಹೇರುತ್ತಾರೆ. ನಸುಕಿನಲ್ಲಿ ಮೊದಲು ಹೋದವರಿಗೆ ರಾತ್ರಿಯೆಲ್ಲ ಕೂಡಿದ ನೀರು ಸಿಗುವುದರಿಂದ ಕೋಳಿ ಕೂಗುವ ಮುನ್ನವೇ ಸಿಂಬೆ, ಕೊಡ ಹಿಡಿದು ಹೊರಡುವುದು ಹೆಂಗಸರ ಪಾಲಿನ ದಿನಚರಿಯಾಗಿತ್ತು. ಶಾಸನಗಳು ಕೆರೆ ಕಟ್ಟಿಸಿದವರ, ಬಾವಿ ತೋಡಿಸಿದವರ, ದಾರಿಹೋಕರಿಗೆ ಅರವಟ್ಟಿಗೆ ಇಟ್ಟವರ ಹೆಸರನ್ನು ಕಲ್ಲಿನಲ್ಲಿ ಉಳಿಸಿವೆ. ನಿತ್ಯ ಹೊತ್ತು ತಂದವರ ಹೆಸರು ಎಲ್ಲಿಯೂ ಇಲ್ಲ.

ಊರ ಬಾವಿ ಎಲ್ಲರ ಬಾವಿಯೂ ಆಗಿರಲಿಲ್ಲ. ದಲಿತ ಕೇರಿಯವರು ಅದರ ಕಟ್ಟೆ ಹತ್ತುವಂತಿರಲಿಲ್ಲ. ಮೇಲೆ ನಿಂತವರು ಸುರಿಯುವವರೆಗೆ ಕೊಡ ಇಟ್ಟುಕೊಂಡು ಕಾಯಬೇಕು, ಇಲ್ಲವೇ ದೂರದ ಹಳ್ಳಕ್ಕೆ ಹೋಗಬೇಕು. ಬರದ ವರ್ಷಗಳಲ್ಲಿ ನೀರಿನ ಕೊರತೆ ಎಲ್ಲರಿಗೂ ಒಂದೇ ಆಗಿತ್ತೆಂಬ ಮಾತು ಆದ್ದರಿಂದ ನಿಜವಲ್ಲ.

ಹಂಚಿಕೊಳ್ಳುವ ಇನ್ನೊಂದು ಪರಂಪರೆಯೂ ಇದೇ ನೆಲದಲ್ಲಿ ಬೆಳೆಯಿತು. ಜೇವರ್ಗಿ ಸೀಮೆಯ ಅರಳಗುಂಡಗಿಯಲ್ಲಿ ಹುಟ್ಟಿ ಕಲಬುರಗಿಯಲ್ಲಿ ನೆಲೆಸಿದ ಶರಣಬಸವೇಶ್ವರರು ಹೊಲಕ್ಕೆ ಬಂದ ಹಕ್ಕಿಗಳನ್ನು ಓಡಿಸದೆ ಕಾಳು ತಿನ್ನಲು ಬಿಟ್ಟು, ಅವುಗಳಿಗೆ ಕುಡಿಯಲು ನೀರನ್ನೂ ಇಟ್ಟರೆಂಬ ಕಥೆ ಇಲ್ಲಿನ ಮನೆಮನೆಯ ಮಾತು. ಅವರ ದಾಸೋಹದ ಹೆಸರಿನೊಡನೆ ಬೆಸೆದ ಅಪ್ಪನ ಕೆರೆ ಇಂದಿಗೂ ನಗರದ ನಡುವೆ ಇದೆ.

ನಿಜಾಮರ ಆಡಳಿತದಲ್ಲಿ 1870ರ ದಶಕದಲ್ಲಿ ರೈಲು, 1880ರ ದಶಕದಲ್ಲಿ ಬಟ್ಟೆ ಗಿರಣಿ ಬಂದ ಮೇಲೆ ನಗರದ ನೀರಡಿಕೆ ಹಿಗ್ಗಿತು. 1876–78ರ ಮಹಾಕ್ಷಾಮ ಈ ಜಿಲ್ಲೆಯನ್ನೂ ಬಿಡಲಿಲ್ಲ. ಬರ ಬಂದಾಗ ಕಾಳು ರೈಲಿನಲ್ಲಿ ಬರತೊಡಗಿದರೂ ನೀರಿನ ಮೂಲ ಹಳೆಯದೇ ಉಳಿಯಿತು.

ಆ ಹಳೆಯ ಮೂಲದೊಳಗೇ ಒಂದು ರೋಗ ಬೀಡುಬಿಟ್ಟಿತ್ತು. ನಾರುಹುಣ್ಣಿನ ಕಾಟವಿದ್ದ ಕರ್ನಾಟಕದ ಜಿಲ್ಲೆಗಳಲ್ಲಿ ಕಲಬುರಗಿಯೂ ಒಂದು, ಮತ್ತು ಮೆಟ್ಟಿಲು ಬಾವಿಯೇ ಅದರ ತವರು. ರೋಗಿಯ ಕಾಲಿನ ಹುಣ್ಣಿನೊಳಗೆ ನೂಲಿನಂಥ ಉದ್ದನೆಯ ಹುಳುವಿರುತ್ತದೆ. ಅವನು ನೀರು ತುಂಬಲು ಮೆಟ್ಟಿಲಿಳಿದು ಕಾಲು ಮುಳುಗಿಸಿದ ಕೂಡಲೇ ಅದು ಸಾವಿರಾರು ಮರಿಗಳನ್ನು ನೀರಿಗೆ ಬಿಡುತ್ತದೆ. ಕಣ್ಣಿಗೆ ಕಂಡೂ ಕಾಣದಷ್ಟು ಸಣ್ಣ ನೀರಹುಳುಗಳು ಆ ಮರಿಗಳನ್ನು ನುಂಗುತ್ತವೆ, ಜನ ಆ ನೀರನ್ನು ಕುಡಿಯುತ್ತಾರೆ, ಸುಮಾರು ಒಂದು ವರ್ಷದ ಮೇಲೆ ಅವರ ಕಾಲಿನಲ್ಲೂ ಹುಣ್ಣು ಏಳುತ್ತದೆ. ಮದ್ದಿರಲಿಲ್ಲ. ಹುಳುವಿನ ತುದಿಯನ್ನು ಕಡ್ಡಿಗೆ ಸುತ್ತಿ, ಕಡಿಯದಂತೆ ದಿನಕ್ಕೆ ಒಂದಿಷ್ಟೇ ಎಳೆಯುತ್ತ ವಾರಗಟ್ಟಲೆ ನರಳಬೇಕಿತ್ತು. ನೀರು ಕಡಿಮೆಯಾಗಿ ಎಲ್ಲರೂ ಒಂದೇ ಬಾವಿಯ ತಳಕ್ಕೆ ಇಳಿಯುವ ಬೇಸಿಗೆಯಲ್ಲಿ ಸೋಂಕು ಹೆಚ್ಚುತ್ತಿತ್ತು. ನೀರನ್ನು ಹುಡುಕಿ ತಂದ ಕಾಲುಗಳೇ ಅದರ ಬೆಲೆ ತೆತ್ತವು. 1980ರ ದಶಕದ ಆರಂಭದಲ್ಲಿ ಶುರುವಾದ ರಾಷ್ಟ್ರೀಯ ನಿರ್ಮೂಲನ ಕಾರ್ಯಕ್ರಮ ಮೂರು ಸರಳ ಕೆಲಸಗಳನ್ನು ಹಟದಿಂದ ಮಾಡಿತು: ಮೆಟ್ಟಿಲುಗಳನ್ನು ಮುಚ್ಚಿ ಸೇದುವ ಬಾವಿಯಾಗಿಸುವುದು, ಬಾವಿಗೆ ಔಷಧಿ ಹಾಕುವುದು, ಕುಡಿಯುವ ನೀರನ್ನು ಬಟ್ಟೆಯಲ್ಲಿ ಸೋಸಲು ಕಲಿಸುವುದು. ದೇಶದ ಕೊನೆಯ ಪ್ರಕರಣ 1996ರಲ್ಲಿ ರಾಜಸ್ಥಾನದಲ್ಲಿ ದಾಖಲಾಯಿತು. 2000ದಲ್ಲಿ ಭಾರತ ನಾರುಹುಣ್ಣಿನಿಂದ ಮುಕ್ತವೆಂದು ವಿಶ್ವ ಆರೋಗ್ಯ ಸಂಸ್ಥೆ ಘೋಷಿಸಿತು. ಈ ಭಾಗದ ಚರಿತ್ರೆಯಲ್ಲಿ ಯಾವ ಯುದ್ಧದ ಗೆಲುವಿಗೂ ಇದು ಕಡಿಮೆಯದಲ್ಲ.

ರೋಗ ಹಿಮ್ಮೆಟ್ಟಲು ಕೊಳವೆಬಾವಿಯ ನೆರವೂ ಇತ್ತು. 1972ರ ಬರ ದಖನ್ನಿನ ತೆರೆದ ಬಾವಿಗಳನ್ನು ಒಣಗಿಸಿದ ಮೇಲೆ, ಗಾಳಿಯ ಒತ್ತಡದಿಂದ ಕಲ್ಲು ಕುಟ್ಟಿ ಕೊರೆಯುವ ಯಂತ್ರಗಳು ಹಳ್ಳಿಗಳಿಗೆ ಬಂದವು. ವಡ್ಡರು ತಿಂಗಳುಗಟ್ಟಲೆ ಒಡೆಯುತ್ತಿದ್ದ ಕರಿಕಲ್ಲನ್ನು ಅವು ಒಂದೆರಡು ದಿನದಲ್ಲಿ ದಾಟಿದವು. ಆದರೆ ಮನೆಬಳಕೆಗೆಂದು ಮಾಡಿದ ಬೀಡುಕಬ್ಬಿಣದ ಕೈಪಂಪುಗಳು ಇಡೀ ಊರು ಜಗ್ಗಿದಾಗ ತಾಳಲಿಲ್ಲ. ಪರಿಹಾರದ ಎಳೆ ಸಿಕ್ಕಿದ್ದು ನೆರೆಯ ಸೊಲ್ಲಾಪುರದಲ್ಲಿ. ಅಲ್ಲಿ ರೂಪಿಸಿದ್ದ ಉಕ್ಕಿನ ಗಟ್ಟಿ ಪಂಪನ್ನು ಆಧಾರವಾಗಿಟ್ಟುಕೊಂಡು 1970ರ ದಶಕದ ಕೊನೆಯಲ್ಲಿ ಯುನಿಸೆಫ್ ನೆರವಿನಿಂದ ಇಂಡಿಯಾ ಮಾರ್ಕ್ 2 ಸಿದ್ಧವಾಯಿತು. ಈ ಭಾಗದವರು ಬೋರಿಂಗ್ ಎಂದು ಕರೆಯುವ ಆ ಪಂಪು ಮುಂದೆ ಆಫ್ರಿಕಾದ ಹಳ್ಳಿಗಳಿಗೂ ಹೋಯಿತು.

ಹೊಲಗಳ ಕೊಳವೆಬಾವಿಗೆ ವಿದ್ಯುತ್ ಮೋಟಾರು ಬಂದಾಗ ಲೆಕ್ಕ ತಲೆಕೆಳಗಾಯಿತು. ಗರಸಿನ ನೀರು ಪ್ರತಿ ಮಳೆಗಾಲಕ್ಕೂ ತುಂಬಿಕೊಳ್ಳುವಂಥದು, ಆಳದ ಬಿರುಕಿನ ನೀರು ಹಾಗಲ್ಲ. ಆಳದಿಂದ ಎತ್ತಿದಷ್ಟೂ ಮೇಲಿನ ತೆರೆದ ಬಾವಿಗಳು ಬರಿದಾದವು. ಕಮಲಾಪುರದ ಕಣಿವೆಯ ತೋಟಗಳಿಗೆ ಇದು ನೇರವಾಗಿ ತಟ್ಟುವ ಮಾತು. ಭೌಗೋಳಿಕ ಸೂಚಿ ಪಡೆದಿರುವ ಅಲ್ಲಿನ ಕೆಂಪು ಬಾಳೆ ಸುತ್ತಲಿನ ತೊಗರಿಯಂತೆ ಮಣ್ಣಿನ ತೇವ ನಂಬಿ ಬದುಕುವ ಬೆಳೆಯಲ್ಲ. ಗೊನೆ ಕೈಗೆ ಬರಲು ಒಂದೂವರೆ ವರ್ಷದ ಹತ್ತಿರ ಬೇಕು, ಅಂದರೆ ಅದು ಒಂದು ಪೂರ್ತಿ ಬೇಸಿಗೆಯನ್ನು ಬಾವಿಯ ನೀರಿನ ಮೇಲೆ ದಾಟಲೇಬೇಕು. ಬೆಳಕೋಟೆಯ ಬಳಿ ಗಂಡೋರಿ ನಾಲೆಗೆ ಕಟ್ಟಿದ ಜಲಾಶಯ ಕಮಲಾಪುರ ತಾಲ್ಲೂಕಿನ ನೀರಾವರಿಗೆ ಸಿಕ್ಕ ದೊಡ್ಡ ಆಸರೆ.

ನಗರ ಈಗ ಕುಡಿಯುವ ನೀರನ್ನು ತನ್ನ ಕಾಲಡಿಯಲ್ಲಿ ಹುಡುಕುವುದನ್ನು ಬಹುಮಟ್ಟಿಗೆ ಬಿಟ್ಟಿದೆ. ಸರಡಗಿ ಬ್ಯಾರೇಜಿನ ಬಳಿ ಭೀಮೆಯಿಂದಲೂ ಬೆಣ್ಣೆತೊರಾ ಜಲಾಶಯದಿಂದಲೂ ಕೊಳವೆಗಳಲ್ಲಿ ನೀರು ಬರುತ್ತದೆ. 2008ರಲ್ಲಿ ವಿಶ್ವಬ್ಯಾಂಕಿನ ಸಾಲದ ಯೋಜನೆಯಡಿ ಹುಬ್ಬಳ್ಳಿ–ಧಾರವಾಡ, ಬೆಳಗಾವಿಗಳ ಜೊತೆ ಕಲಬುರಗಿಯ ಕೆಲವು ಭಾಗಗಳಲ್ಲೂ ನಳದಲ್ಲಿ ದಿನದ ಇಪ್ಪತ್ನಾಲ್ಕು ಗಂಟೆ ನೀರು ಬರತೊಡಗಿತು. ಉಳಿದ ಬಡಾವಣೆಗಳಲ್ಲಿ ನಳ ಬರುವ ದಿನವನ್ನು ಕಾದು ಟಾಕಿ, ಹಂಡೆ, ಕೊಡಗಳನ್ನೆಲ್ಲ ತುಂಬಿಡುವುದು ಮುಂದುವರಿಯಿತು. ಭೀಮೆಯ ಮೇಲ್ಭಾಗದಲ್ಲಿ, ಸೊಲ್ಲಾಪುರ ಜಿಲ್ಲೆಯಲ್ಲಿ, 1980ರಲ್ಲಿ ಪೂರ್ಣಗೊಂಡ ಉಜನಿ ಅಣೆಕಟ್ಟೆ ಇದೆ. ಬೇಸಿಗೆಯಲ್ಲಿ ಸರಡಗಿಯ ಹತ್ತಿರ ಹೊಳೆಯಲ್ಲಿ ನೀರು ನಿಲ್ಲುವುದೋ ಇಲ್ಲವೋ ಎಂಬುದು ಅಲ್ಲಿಂದ ಎಷ್ಟು ಬಿಡುತ್ತಾರೆ ಎಂಬುದರ ಮೇಲೆ ಬಹುಪಾಲು ನಿಂತಿದೆ. ಮಳೆ ಸೋತ ವರ್ಷಗಳಲ್ಲಿ ಭೀಮಾ ದಡದ ಅಫಜಲಪುರದ ರೈತರೂ ಕಲಬುರಗಿಯ ಜನಪ್ರತಿನಿಧಿಗಳೂ ಮಹಾರಾಷ್ಟ್ರದಿಂದ ಆ ನೀರನ್ನು ಕೇಳುತ್ತಾರೆ.