ಕ್ಯಾಮೆರಾ ಒಳಗೆ ಹೋದಮೇಲೆ ನೆನಪಾದ ಮರ್ಯಾದೆ



ಹಾಸ್ಟೆಲ್ಲಿನ ಹುಳ ಬಿದ್ದ ಅನ್ನದ ವಿಡಿಯೋ ಹಾಕಿದರೆ ಅಧಿಕಾರಿಗಳು ಮೊದಲು ಕೇಳೋದು, 'ಇದನ್ನ ತೆಗೆದೋರು ಯಾರು?' ಅನ್ನದ ಮಾತು ಆಮೇಲೆ. ಈ ಬುದ್ಧಿ ನಮ್ಮಲ್ಲಿ ಮಾತ್ರ ಇಲ್ಲ. ಅಮೆರಿಕದ ಒಂದು ಸಾಕ್ಷ್ಯಚಿತ್ರದ ಚರಿತ್ರೆ ಹೇಳ್ತೀನಿ.

1966. ಮ್ಯಾಸಚೂಸೆಟ್ಸ್ ರಾಜ್ಯದ ಬ್ರಿಡ್ಜ್‌ವಾಟರ್. ಹೆಸರಿಗೆ ಮಾನಸಿಕ ಆಸ್ಪತ್ರೆ, ನಡೆಸುತ್ತಿದ್ದುದು ಜೈಲು ಇಲಾಖೆ. ಕಾನೂನು ಪಾಠ ಹೇಳುತ್ತಿದ್ದ ಫ್ರೆಡರಿಕ್ ವೈಸ್‌ಮನ್ ತಮ್ಮ ವಿದ್ಯಾರ್ಥಿಗಳನ್ನ ಅಲ್ಲಿಗೆ ಕರೆದುಕೊಂಡು ಹೋಗುತ್ತಿದ್ದರು. ಮುಂದೆ ಸೂಪರಿಂಟೆಂಡೆಂಟರ ಒಪ್ಪಿಗೆ ಪಡೆದೇ ಕ್ಯಾಮೆರಾ ಒಯ್ದರು. 1967ರಲ್ಲಿ 'ಟಿಟಿಕಟ್ ಫಾಲೀಸ್' ಬಂತು. ಹಿನ್ನೆಲೆ ವಿವರಣೆ ಇಲ್ಲ. ನೋಡೋದಷ್ಟೇ.

ಏನು ಕಾಣುತ್ತೆ? ಬಟ್ಟೆಯಿಲ್ಲದೆ ಬರೀ ಕೋಣೆಯಲ್ಲಿ ಕೂಡಿಹಾಕಿದ ಮನುಷ್ಯ. ಅವನನ್ನ ಕೆಣಕಿ ಕೆಣಕಿ ಕೂಗಿಸೋ ಕಾವಲುಗಾರರು. ಊಟ ಬಿಟ್ಟವನ ಮೂಗಿಗೆ ನಳಿಕೆ ತುರುಕುವ ಡಾಕ್ಟರ್, ಬಾಯಲ್ಲಿ ಸಿಗರೇಟು. ನಡುನಡುವೆ ಅದೇ ಮನುಷ್ಯನ ಹೆಣಕ್ಕೆ ನಡೆಯುವ ಸಿಂಗಾರ. ಬದುಕಿದ್ದಾಗ ಸಿಗದ ಆರೈಕೆ ಸತ್ತಮೇಲೆ! ಇನ್ನೊಬ್ಬ, 'ಇಲ್ಲಿದ್ದೇ ನಾನು ಕೆಡ್ತಿದ್ದೀನಿ, ವಾಪಸ್ ಜೈಲಿಗೆ ಕಳಿಸಿ' ಅಂತ ತರ್ಕಬದ್ಧವಾಗಿ ವಾದಿಸ್ತಾನೆ. ವೈದ್ಯರು ಅದನ್ನೂ ಕಾಯಿಲೆಯ ಲಕ್ಷಣ ಅಂತ ಬರೆದುಕೊಂಡು ಔಷಧಿ ಹೆಚ್ಚಿಸ್ತಾರೆ.

ಸರ್ಕಾರ ಕೋರ್ಟಿಗೆ ಓಡಿತು: 'ರೋಗಿಗಳ ಖಾಸಗಿತನಕ್ಕೆ ಧಕ್ಕೆ!' 1968ರಲ್ಲಿ ನ್ಯಾಯಾಧೀಶರು ಪ್ರತಿಗಳನ್ನೇ ನಾಶಮಾಡಿ ಅಂದರು. 1969ರಲ್ಲಿ ಮೇಲಿನ ಕೋರ್ಟು, ಡಾಕ್ಟರು, ವಕೀಲರು, ವಿದ್ಯಾರ್ಥಿಗಳಂಥವರಿಗೆ ತೋರಿಸಬಹುದು, ಸಾಮಾನ್ಯ ಜನಕ್ಕೆ ಬೇಡ ಅಂದಿತು. ನಿಷೇಧ ಪೂರ್ತಿ ತೆರವಾಗಿದ್ದು 1991ರಲ್ಲಿ. ಬೆತ್ತಲೆ ನಿಲ್ಲಿಸಿದಾಗ ನೆನಪಾಗದ ಮರ್ಯಾದೆ, ಜನ ನೋಡ್ತಾರೆ ಅಂದಾಗ ನೆನಪಾಯ್ತು.

ಆದರೆ ಪ್ರಶ್ನೆ ಅಷ್ಟಕ್ಕೇ ಮುಗಿಯಲ್ಲ. ಆ ಮನುಷ್ಯರ ಬೆತ್ತಲೆ ಮೈಯನ್ನ ತೋರಿಸೋಕೆ ಒಪ್ಪಿಗೆ ಕೊಟ್ಟೋರು ಯಾರು? ಅನೇಕರು ಒಪ್ಪಿಗೆ ಕೊಡುವ ಸ್ಥಿತಿಯಲ್ಲೇ ಇರಲಿಲ್ಲ. ಸರ್ಕಾರ ತನ್ನ ತಪ್ಪು ಮುಚ್ಚೋಕೆ ಬಳಸಿತು ಅಂತ ಈ ಪ್ರಶ್ನೆ ಸುಳ್ಳಾಗಲ್ಲ.

ಇದು ನಮಗೂ ಬೇಕಾದ ಮಾತು. ನಮ್ಮ ಜನರ ಮೇಲೆ ಹಲ್ಲೆಯಾದಾಗ ಆ ಮೈಯೇ ಮೊಬೈಲಿಂದ ಮೊಬೈಲಿಗೆ ಹರಿದಾಡುತ್ತೆ. ಸಾಕ್ಷಿ ಬೇಕೇ ಬೇಕು, ಇಲ್ಲದಿದ್ದರೆ ಕೇಸು ನಿಲ್ಲಲ್ಲ. ಆದರೆ ಹಂಚೋ ಮೊದಲು ಅವರನ್ನ, ಇಲ್ಲಾ ಅವರ ಮನೆಯವರನ್ನ ಒಂದು ಮಾತು ಕೇಳಿ. ಬಡಿದವನ ಮುಖ ಕಾಣಲಿ, ನೊಂದವರ ಮುಖ ಅವರಿಷ್ಟಕ್ಕೆ ಬಿಡಿ.

ಜೈ ಭೀಮ್.