ಕುಲುಮೆಯ ಚಿತ್ರಗಾರ ಆರ್ಥರ್ ಎಲ್ಟನ್

ಇಂಗ್ಲೆಂಡಿನ ಸೆವರ್ನ್ ನದಿಯ ಕಣಿವೆಯಲ್ಲಿ, 1709ರಲ್ಲಿ ಏಬ್ರಹಾಂ ಡಾರ್ಬಿಯು ಇದ್ದಿಲಿಗೆ ಬದಲಾಗಿ ಕೋಕನ್ನು ಉರಿಸಿ ಅದಿರನ್ನು ಕರಗಿಸಿದ ಕುಲುಮೆಗೂ, 1779ರಲ್ಲಿ ಅದೇ ನದಿಯ ಮೇಲೆ ಎತ್ತಿ ನಿಲ್ಲಿಸಿದ ಎರಕದ ಕಬ್ಬಿಣದ ಸೇತುವೆಗೂ ಹತ್ತಿರವಾದ ಐರನ್‌ಬ್ರಿಜ್ ವಸ್ತುಸಂಗ್ರಹಾಲಯದಲ್ಲಿ, ಗಣಿ, ಕಾಲುವೆ, ರೈಲುದಾರಿ, ಕಾರ್ಖಾನೆಗಳನ್ನು ಕುರಿತ ಚಿತ್ರಗಳ, ಮುದ್ರಿತ ಪಟಗಳ, ಗ್ರಂಥಗಳ ಒಂದು ಅಮೂಲ್ಯ ಭಂಡಾರವಿದೆ. ಅದನ್ನು ಜೀವಮಾನವೆಲ್ಲ ಕೂಡಿಸಿದ ಸರ್ ಆರ್ಥರ್ ಎಲ್ಟನ್ನರು ವೃತ್ತಿಯಿಂದ ಸಾಕ್ಷ್ಯಚಿತ್ರಗಳ ನಿರ್ಮಾಪಕರು.

1906ರಲ್ಲಿ ಜನಿಸಿದ ಅವರದು ಸಾಮರ್‌ಸೆಟ್ ಪ್ರಾಂತದ ಕ್ಲೀವ್‌ಡನ್ ಕೋರ್ಟ್ ಎಂಬ ಪುರಾತನ ಸೌಧದ ಮನೆತನ. ಅವರ ಪಿತಾಮಹರಾದ ಸರ್ ಎಡ್ಮಂಡರು ಪದವಿ, ಭೂಮಿ ಎರಡೂ ಇದ್ದಾಗಲೂ ಕುಂಬಾರನ ತಿಗರಿಯ ಮುಂದೆ ಕುಳಿತು, ತಮ್ಮದೇ ಆದ ಶೈಲಿಯ ಮಡಕೆಗಳನ್ನು ಸೃಷ್ಟಿಸಿದವರು. ಕೈಕೆಲಸದಲ್ಲಿ ಮೊಮ್ಮಗನಿಗಿದ್ದ ಗೌರವವು ಆ ಜೇಡಿಮಣ್ಣಿನಿಂದಲೇ ಬಂದುದೆಂದು ಊಹಿಸಲು ನನಗೆ ಮನಸ್ಸಾಗುತ್ತದೆ.

ಸಾಕ್ಷ್ಯಚಿತ್ರಗಳ ಪ್ರವರ್ತಕ ಜಾನ್ ಗ್ರಿಯರ್ಸನ್ನರ ತಂಡವನ್ನು ಸೇರಿದ ಎಲ್ಟನ್ನರು ವಿಮಾನದ ಎಂಜಿನೊಂದು ರೂಪುಗೊಳ್ಳುವ ಕ್ರಮವನ್ನು ‘ಏರೋ-ಎಂಜಿನ್’ ಎಂಬ ಮೂಕಚಿತ್ರದಲ್ಲಿ ತೋರಿಸಿದರು. ಆದರೆ ಅವರನ್ನು ಚರಿತ್ರೆಯಲ್ಲಿ ನಿಲ್ಲಿಸಿದುದು ಎಡ್ಗರ್ ಆನ್‌ಸ್ಟಿಯವರೊಡಗೂಡಿ 1935ರಲ್ಲಿ ನಿರ್ಮಿಸಿದ ‘ಹೌಸಿಂಗ್ ಪ್ರಾಬ್ಲಮ್ಸ್’. ಧ್ವನಿಮುದ್ರಣವು ಬಹುಮಟ್ಟಿಗೆ ಸ್ಟುಡಿಯೋದ ನಾಲ್ಕು ಗೋಡೆಗಳೊಳಗೆ ನಡೆಯುತ್ತಿದ್ದ ಆ ಕಾಲದಲ್ಲಿ, ದೀಪಗಳನ್ನೂ ಭಾರವಾದ ಯಂತ್ರಗಳನ್ನೂ ಲಂಡನ್ನಿನ ಸ್ಟೆಪ್ನಿಯ ಕೊಳೆಗೇರಿಗಳ ಇಕ್ಕಟ್ಟಿನ ಕೋಣೆಗಳಿಗೆ ಹೊತ್ತುಕೊಂಡು ಹೋಗಿ, ಹುಳುಹುಪ್ಪಟೆಗಳ ಕಾಟವನ್ನೂ ಇಲಿಗಳ ಹಾವಳಿಯನ್ನೂ ಸೋರುವ ಗೋಡೆಗಳನ್ನೂ ಅಲ್ಲಿ ಬಾಳುತ್ತಿದ್ದ ದುಡಿಮೆಗಾರರ ಬಾಯಿಂದಲೇ, ಅವರದೇ ಉಚ್ಚಾರಣೆಯಲ್ಲಿ, ಹೇಳಿಸಿದರು. ಗ್ರಿಯರ್ಸನ್ನರ ಸೋದರಿ ರೂಬಿಯು ಆ ಜನರ ಸಂಕೋಚವನ್ನು ಕಳೆದು ಮಾತನಾಡಿಸಿದುದು ಆ ಚಿತ್ರದ ಜೀವಾಳ. ಹಣವನ್ನು ಒದಗಿಸಿದವರು ಗ್ಯಾಸ್ ಉದ್ಯಮದವರೆಂಬುದು ನಿಜ. ಆದರೂ ಆ ನಿವಾಸಿಗಳ ಮಾತಿನ ಸತ್ಯವು ಅದರಿಂದ ಕುಂದಲಿಲ್ಲ.

ಮುಂದೆ ಯುದ್ಧಕಾಲದ ವಾರ್ತಾ ಸಚಿವಾಲಯದಲ್ಲಿಯೂ ಷೆಲ್ ಕಂಪನಿಯ ಚಿತ್ರವಿಭಾಗದಲ್ಲಿಯೂ ದುಡಿದ ಅವರು, ಜೊತೆಜೊತೆಗೆ, ಕ್ಯಾಮರಾ ಹುಟ್ಟುವ ಮೊದಲಿನ ಯಂತ್ರಯುಗದ ಮುಖವನ್ನು ಹಳೆಯ ಪಟಗಳಲ್ಲಿ ಅರಸುತ್ತಿದ್ದರು. ಕೈಗಾರಿಕಾ ಕ್ರಾಂತಿಯ ಕಾಲದ ಕಲೆಯನ್ನು ಕುರಿತು ಫ್ರಾನ್ಸಿಸ್ ಕ್ಲಿಂಜೆಂಡರ್ 1947ರಲ್ಲಿ ಪ್ರಕಟಿಸಿದ್ದ ಗ್ರಂಥವನ್ನು, ಆತನ ಮರಣಾನಂತರ ಪರಿಷ್ಕರಿಸಿ 1968ರಲ್ಲಿ ಹೊರತಂದವರೂ ಅವರೇ. ಕಲಾವಿದ ಲೂಥರ್‌ಬರ್ಗನು 1801ರಲ್ಲಿ ಬರೆದ, ಅದೇ ಸೆವರ್ನ್ ಕಣಿವೆಯ ಕೋಲ್‌ಬ್ರುಕ್‌ಡೇಲಿನ ರಾತ್ರಿಯ ಚಿತ್ರವನ್ನು ನೋಡಿದವರಿಗೆ ಈ ಅರಸಾಟದ ಮರ್ಮವು ತಿಳಿದೀತು: ಆಕಾಶವನ್ನೆಲ್ಲ ಕೆಂಪಾಗಿಸುವ ಜ್ವಾಲೆಯ ಮುಂದೆ ಮನುಷ್ಯರು ಅಲ್ಪಾಕೃತಿಗಳಾಗಿ, ನೆರಳಿನಲ್ಲಿ ಚಲಿಸುತ್ತಾರೆ, ಸ್ಟೆಪ್ನಿಯ ನಿವಾಸಿಗಳಿಗೆ ದೊರೆತ ಧ್ವನಿಯು ಅವರಿಗೆ ದೊರೆಯಲಿಲ್ಲ.

1973ರಲ್ಲಿ ಎಲ್ಟನ್ನರು ತೀರಿಕೊಂಡ ಮೇಲೆ, ತೆರಿಗೆಯ ಬದಲಾಗಿ ರಾಷ್ಟ್ರಕ್ಕೆ ಸಂದ ಅವರ ಸಂಗ್ರಹವು, ಡಾರ್ಬಿಯ ಆರಿದ ಕುಲುಮೆಯಿರುವ ಆ ಕಣಿವೆಗೇ ಬಂದು ಸೇರಿತು.